ಪಾಪ ಮೋಹನ್ ಅಂತೆ!

ಅಪ್ಪನ ವರ್ಷದ ತಿಥಿ ಮುಗಿದಿತ್ತು. ವಡೆ, ಪಾಯಸ, ರವೆಉಂಡೆ ಎಲ್ಲ ಹೊಟ್ಟೆಗೆ ಸೇರಿ, ಅಣ್ಣನ ಮನೆಯ ಹಾಲಿನಲ್ಲಿ ಯಾರು ಎಲ್ಲಿ ಬಿದ್ದುಕೊಂಡಿದ್ದಾರೆ ಅನ್ನೋದೇ ಗೊತ್ತಾಗದಂಥ ಮಧ್ಯಾಹ್ನ. ಅಮ್ಮನಿಗೆ ಖುಷಿಯಾಗಲಿ ಅಂತ ಅತ್ತಿಗೆ ಟೀವಿಯಲ್ಲಿ ಯೂಟ್ಯೂಬ್ ತೆಗೆದು ‘ಬೆಳ್ಳಿಮೋಡ’ ಹಾಕಿದಳು. ಅರ್ಧಂಬರ್ಧ ನಿದ್ದೆಯಲ್ಲಿದ್ದವರೆಲ್ಲ ಎದ್ದು ಕೂತರು. ನಮ್ಮ ಮನೆಯಲ್ಲಿ ಆ ಸಿನಿಮಾ ಅಂದರೆ ಹಾಗೆ. ಅಮ್ಮ, ಅತ್ತೆ, ಪಕ್ಕದ ಮನೆಯ ಆಂಟಿ, ಎಲ್ಲರಿಗೂ ಯಾವ ಸೀನ್ ಆದ ಮೇಲೆ ಯಾವ ಸೀನ್ ಅಂತ ಬಾಯಿಪಾಠ.

ಕೊನೆಯ ಭಾಗ ಬಂತು. ಮೋಹನ್ ಬಂದು ಕೇಳಿಕೊಳ್ಳುತ್ತಾನೆ, ಇಂದಿರಾ ಒಲ್ಲೆ ಅನ್ನುತ್ತಾಳೆ. ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಂಡು ಹೇಳಿದರು: ‘ಪಾಪ ಮೋಹನ್. ಹುಡುಗಿಗೆ ಅಷ್ಟೊಂದು ಹಟ ಇರಬಾರದಿತ್ತು.’

ಅಮ್ಮ ಹೌದೆನ್ನುವಂತೆ ತಲೆಯಾಡಿಸಿದಳು. ಪಕ್ಕದ ಮನೆಯ ಆಂಟಿಯೂ ತಲೆಯಾಡಿಸಿದರು. ನನಗೆ ಎಲ್ಲಿತ್ತೋ ಸಿಟ್ಟು! ‘ಯಾವ ಪಾಪ ಅತ್ತೆ? ಏನು ಪಾಪ ಅವನದ್ದು?’ ಅಂದೆ. ತಿಥಿ ಮನೆಯಲ್ಲಿ ದನಿ ಎತ್ತರಿಸಿದ್ದಕ್ಕೆ ಅಣ್ಣ ನನ್ನ ಕಡೆ ನೋಡಿದ. ಆಮೇಲೆ ಮಾತು ಬದಲಿಸುವವನ ಹಾಗೆ, ‘ಅಂದಹಾಗೆ, ನಾಡಿದ್ದು ಸಬ್ ರಿಜಿಸ್ಟ್ರಾರ್ ಆಫೀಸಿಗೆ ಹೋಗಬೇಕಲ್ಲ, ಆಧಾರ್ ತಂದಿದೀಯ ತಾನೇ?’ ಅಂದ.

ಆ ಮಾತಿಗೆ ಆಮೇಲೆ ಬರುತ್ತೇನೆ. ಮೊದಲು ಮೋಹನನ ಲೆಕ್ಕ ಚುಕ್ತಾ ಆಗಬೇಕು.

ಸಿನಿಮಾ ನೋಡದವರಿಗಾಗಿ ಎರಡು ಮಾತು. 1967ರ ಚಿತ್ರ, ಕಪ್ಪು ಬಿಳುಪು. ತ್ರಿವೇಣಿಯವರ ಕಾದಂಬರಿ. ಪುಟ್ಟಣ್ಣ ಕಣಗಾಲ್ ಕನ್ನಡದಲ್ಲಿ ಸ್ವತಂತ್ರವಾಗಿ ನಿರ್ದೇಶಿಸಿದ ಮೊದಲ ಚಿತ್ರ. ಇಂದಿರಾ ಆಗಿ ಕಲ್ಪನಾ, ಮೋಹನ್ ಆಗಿ ಕಲ್ಯಾಣ್ ಕುಮಾರ್, ಅಪ್ಪ ಸದಾಶಿವರಾಯರಾಗಿ ಅಶ್ವತ್ಥ್, ಅಮ್ಮನಾಗಿ ಪಂಡರಿಬಾಯಿ. ಮಲೆನಾಡಿನಲ್ಲಿ ದೊಡ್ಡ ಎಸ್ಟೇಟು, ಅದಕ್ಕೆ ಒಬ್ಬಳೇ ಮಗಳು. ಮೋಹನ್ ಓದಿನಲ್ಲಿ ಜಾಣ, ಕೈಯಲ್ಲಿ ಕಾಸಿಲ್ಲ, ಅಮೆರಿಕಕ್ಕೆ ಹೋಗಿ ಓದುವ ಆಸೆ. ರಾಯರು ದುಡ್ಡು ಕೊಡುತ್ತಾರೆ, ಮಗಳನ್ನು ಕೊಡುವ ಮಾತೂ ಆಗುತ್ತದೆ. ಹುಡುಗ ವಿಮಾನ ಹತ್ತುತ್ತಾನೆ. ಅವನು ಅಲ್ಲಿರುವಾಗ ಇಲ್ಲಿ ಇಂದಿರಾಗೆ ಒಬ್ಬ ತಮ್ಮ ಹುಟ್ಟುತ್ತಾನೆ. ಮೋಹನ್ ವಾಪಸ್ ಬಂದು ನೋಡುತ್ತಾನೆ: ಒಬ್ಬಳೇ ವಾರಸುದಾರಳು ಅಂದುಕೊಂಡವಳು ಈಗ ಒಬ್ಬಳೇ ಅಲ್ಲ. ಅವನ ಪ್ರೀತಿ ಅಲ್ಲಿಗೆ ಆರಿಹೋಗುತ್ತದೆ. ಆಮೇಲೆ ಅವನಿಗೆ ಅಪಘಾತವಾಗುತ್ತದೆ, ಅವನು ಬೇಡವೆಂದ ಹುಡುಗಿಯೇ ಅವನ ಶುಶ್ರೂಷೆ ಮಾಡುತ್ತಾಳೆ. ಮಲಗಿದಲ್ಲೇ ಅವನಿಗೆ ಜ್ಞಾನೋದಯ. ಮದುವೆಯಾಗೋಣ ಅನ್ನುತ್ತಾನೆ. ಅವಳು ಆಗಲ್ಲ ಅನ್ನುತ್ತಾಳೆ.

ಕತೆ ಇಷ್ಟೇ. ಇದರಲ್ಲಿ ‘ಪಾಪ’ ಯಾರು ಅಂತ ಕೇಳಿದರೆ ಬೆರಳು ತಾನಾಗಿ ಒಂದು ಕಡೆ ಹೋಗಬೇಕು. ಆದರೆ ಸುಮ್ಮನೆ ಒಂದು ಪರೀಕ್ಷೆ ಮಾಡಿ. ನಿಮ್ಮ ಮನೆಯ ಹಿರಿಯರನ್ನು ಕೇಳಿ, ಆಫೀಸಿನಲ್ಲಿ ಹಳೇ ಸಿನಿಮಾ ಹುಚ್ಚಿರುವ ಸೀನಿಯರನ್ನು ಕೇಳಿ. ಹತ್ತರಲ್ಲಿ ಆರು ಜನ ಮೊದಲು ಹಾಡುಗಳ ಬಗ್ಗೆ ಹೇಳುತ್ತಾರೆ. ಬೇಂದ್ರೆಯವರ ‘ಬೆಳಗು’ ಪದ್ಯಕ್ಕೆ ವಿಜಯಭಾಸ್ಕರ್ ರಾಗ ಹಾಕಿದ್ದರ ಬಗ್ಗೆ, ಬೆಟ್ಟದ ಮೇಲಿನ ಮಂಜಿನ ಬಗ್ಗೆ, ಕಲ್ಪನಾ ಸೀರೆ ಬಗ್ಗೆ, ಕಣ್ಣಿನ ಬಗ್ಗೆ. ಉಳಿದ ನಾಲ್ಕು ಜನ, ‘ಎಂಥಾ ಪ್ರೀತಿ, ಕೊನೆಗೆ ಸೇರಲಿಲ್ಲ ನೋಡಿ’ ಅನ್ನುತ್ತಾರೆ. ಸೇರಲಿಲ್ಲವಂತೆ! ರೈಲು ತಪ್ಪಿಹೋಯಿತು ಅನ್ನುವ ಹಾಗೆ. ಹುಡುಗಿ ಯೋಚನೆ ಮಾಡಿ ಬೇಡ ಅಂದಳು ಅನ್ನುವ ವಿಷಯ ಆ ವಾಕ್ಯದಲ್ಲಿ ಎಲ್ಲೂ ಇಲ್ಲ.

ನಾಸ್ಟಾಲ್ಜಿಯಾ ಮಾಡುವ ಕೆಲಸವೇ ಇದು. ಒಂದು ಸಿನಿಮಾವನ್ನು ಗಾಜಿನ ಕಪಾಟಿನಲ್ಲಿಟ್ಟು ‘ಕ್ಲಾಸಿಕ್’ ಅಂತ ಚೀಟಿ ಅಂಟಿಸಿದರೆ, ಆಮೇಲೆ ಅದು ನಮಗೆ ಏನು ಹೇಳಿತ್ತು ಅಂತ ಕೇಳಬೇಕಾಗಿಲ್ಲ. ‘ಆಗಿನ ಕಾಲದ ಸಿನಿಮಾ, ಎಷ್ಟು ಸಭ್ಯ, ಮನೆಮಂದಿಯೆಲ್ಲ ಕೂತು ನೋಡಬಹುದು’ ಅನ್ನುವವರಿಗೆ ನನ್ನದೊಂದು ಪ್ರಶ್ನೆ. ಮನೆಮಂದಿಯೆಲ್ಲ ಕೂತು ಏನು ನೋಡಿದಿರಿ? ಒಂದು ಹುಡುಗಿಯ ರೇಟು ಅವಳ ತಮ್ಮ ಹುಟ್ಟಿದ ದಿನ ಬಿದ್ದುಹೋಗುವುದನ್ನು ತಾನೇ? ಷೇರು ಮಾರುಕಟ್ಟೆಯವರು ಕೂಡ ಇಷ್ಟು ನಾಚಿಕೆಯಿಲ್ಲದೆ ಮಾರಲ್ಲ.

ಮೋಹನನ ವಕೀಲರು ನನ್ನ ಸ್ನೇಹಿತರಲ್ಲೇ ಇದ್ದಾರೆ. ಓದಿದವರು, ಒಳ್ಳೆಯವರು, ಒಳ್ಳೆ ಸಂಬಳದವರು. ಅದರಲ್ಲೊಬ್ಬನ ವಾದ ಹೀಗೆ: ‘ನೋಡು, ಅದು ಲವ್ ಮ್ಯಾರೇಜ್ ಅಲ್ಲ. ಅಪ್ಪನೇ ನಿಂತು ಮಾಡಿದ ಏರ್ಪಾಡು. ಎರಡೂ ಕಡೆ ಲೆಕ್ಕಾಚಾರ ಇತ್ತು. ಒಂದು ಕಡೆಯ ಷರತ್ತು ಬದಲಾಯಿತು, ಇನ್ನೊಂದು ಕಡೆಯವನು ಹಿಂದೆ ಸರಿದ. ಇದರಲ್ಲಿ ವಿಲನ್ ಯಾರೂ ಇಲ್ಲ.’

ಆಯ್ತಪ್ಪ, ವ್ಯವಹಾರದ ಭಾಷೆಯಲ್ಲೇ ಮಾತಾಡೋಣ. ನೀನು ಹೊಸ ಕಂಪನಿ ಸೇರುವಾಗ ಜಾಯಿನಿಂಗ್ ಬೋನಸ್ ತಗೊಂಡೆ. ವರ್ಷ ತುಂಬುವ ಮೊದಲೇ ಪೇಪರ್ ಹಾಕಿದೆ. ಎಚ್‌ಆರ್ ಏನು ಮಾಡ್ತಾರೆ? ಕೊನೆಯ ಸಂಬಳದಲ್ಲಿ ಕಚಕ್ ಅಂತ ಹಿಡಿದುಕೊಳ್ತಾರೆ. ಮೋಹನ್ ತಗೊಂಡದ್ದು ಬರೀ ಬೋನಸ್ ಅಲ್ಲ, ಒಂದು ಇಡೀ ವಿದೇಶದ ಓದು. ಆ ಓದು ಅವನ ತಲೆಯೊಳಗೆ ಕೂತಾಗಿದೆ, ಅದನ್ನು ಕಿತ್ತು ವಾಪಸ್ ಕೊಡೋಕೆ ಆಗಲ್ಲ. ತನ್ನ ಪಾಲಿನ ಮಾಲು ಪೂರ್ತಿ ಪಡೆದ ಮೇಲೆ, ಎದುರಿನವರು ಕೊಡಬೇಕಾದದ್ದು ಸ್ವಲ್ಪ ಕಡಿಮೆಯಾಯಿತು ಅಂತ ಗೊಣಗುವವನಿಗೆ ನಮ್ಮ ಪೇಟೆಯಲ್ಲಿ ಒಂದು ಹೆಸರಿದೆ. ಆ ಹೆಸರು ಇಲ್ಲಿ ಬರೆದರೆ ಪುಸ್ತಕದಲ್ಲಿ ಅಚ್ಚಾಗಲ್ಲ.

ಹೇಳದೆ ಬಿಡಲಾಗದ ಇನ್ನೊಂದು ಮಾತಿದೆ. ಅಮೆರಿಕದ ಓದಿಗೆ ಹೆಣ್ಣಿನ ಅಪ್ಪ ಕೊಟ್ಟ ದುಡ್ಡಿಗೆ ಏನನ್ನುತ್ತಾರೆ? ವರದಕ್ಷಿಣೆ ನಿಷೇಧ ಕಾಯ್ದೆ ಬಂದದ್ದು 1961ರಲ್ಲಿ. ಸಿನಿಮಾ ತೆರೆಗೆ ಬಂದದ್ದು ಅದಾಗಿ ಆರು ವರ್ಷಕ್ಕೆ. ನಾನು ಈ ಸಿನಿಮಾವನ್ನು ಬೇರೆ ಬೇರೆಯವರ ಜೊತೆ ನಾಲ್ಕೈದು ಸಲ ನೋಡಿದ್ದೇನೆ, ಒಬ್ಬರ ಬಾಯಲ್ಲೂ ವರದಕ್ಷಿಣೆ ಅನ್ನುವ ಶಬ್ದ ಬಂದಿಲ್ಲ. ಸ್ಕೂಟರ್ ಕೇಳಿದರೆ ವರದಕ್ಷಿಣೆ, ಓದಿಸಿದರೆ ಪ್ರೋತ್ಸಾಹ. ನಮ್ಮ ಮಧ್ಯಮವರ್ಗಕ್ಕೆ ಯಾವುದಕ್ಕೆ ಯಾವ ಹೆಸರಿಡಬೇಕು ಅನ್ನುವುದರಲ್ಲಿ ಪಿಎಚ್‌ಡಿ ಆಗಿದೆ.

ಈಗ ನನಗೆ ಎಲ್ಲಕ್ಕಿಂತ ಹೆಚ್ಚು ಸಿಟ್ಟು ಬರಿಸುವ ಜಾಗಕ್ಕೆ ಬರುತ್ತೇನೆ. ಮೋಹನನ ಲೆಕ್ಕ ನೀಚ ಅನ್ನುವುದು ಒಂದು. ಆ ಲೆಕ್ಕ ತಪ್ಪು ಅನ್ನುವುದು ಇನ್ನೊಂದು. ನೀಚತನ ಎಲ್ಲರಿಗೂ ಕಾಣುತ್ತದೆ. ತಪ್ಪು ಯಾರಿಗೂ ಕಾಣಲ್ಲ.

ಹಿಂದೂ ಉತ್ತರಾಧಿಕಾರ ಕಾಯ್ದೆ ಜಾರಿಗೆ ಬಂದದ್ದು 1956ರ ಜೂನ್ 17ರಂದು. ಅಪ್ಪ ವಿಲ್ ಬರೆಯದೆ ಹೋದರೆ ಅವನ ಸ್ವಯಾರ್ಜಿತ ಆಸ್ತಿಯಲ್ಲಿ ಮಗ, ಮಗಳು, ಹೆಂಡತಿ, ಅಪ್ಪನ ತಾಯಿ ಬದುಕಿದ್ದರೆ ಅವರೂ ಮೊದಲ ದರ್ಜೆಯ ವಾರಸುದಾರರು, ಸಮಪಾಲು. ಮಗಳಿಗೆ ಮದುವೆ ಆಗಿದೆಯೋ ಇಲ್ಲವೋ ಅಂತ ಕಾಯ್ದೆ ಕೇಳಲ್ಲ. ಸದಾಶಿವರಾಯರ ತೋಟ ಅವರೇ ಸಂಪಾದಿಸಿದ್ದು ಎಂದಿಟ್ಟುಕೊಳ್ಳಿ. ಗಂಡುಮಗು ಹುಟ್ಟಿದ್ದರಿಂದ ಇಂದಿರಾಳ ಪಾಲಿಗೆ ಏನಾಯಿತು? ತಮ್ಮನಿಗೆ ಎಷ್ಟೋ ಅವಳಿಗೂ ಅಷ್ಟೇ ಆಯಿತು. ಸೊನ್ನೆ ಆಗಲಿಲ್ಲ. ಪಿತ್ರಾರ್ಜಿತ ಎಂದಿಟ್ಟುಕೊಂಡರೆ ಲೆಕ್ಕ ಬೇರೆ, ನಿಜ. ಆಗ ಗಂಡುಮಗುವಿಗೆ ಹುಟ್ಟಿನಿಂದಲೇ ಹಕ್ಕು, ಹೆಣ್ಣಿಗೆ ಅಪ್ಪನ ಪಾಲಿನಲ್ಲಿ ಮಾತ್ರ ಪಾಲು. ಆದರೂ ಸೊನ್ನೆಯಲ್ಲ. ಅದಕ್ಕೂ ಮೊದಲು, 1933ರಲ್ಲೇ, ನಮ್ಮ ಮೈಸೂರು ಸಂಸ್ಥಾನದಲ್ಲಿ ಹಿಂದೂ ಸ್ತ್ರೀಯರ ಹಕ್ಕುಗಳಿಗೆಂದೇ ಒಂದು ಕಾಯ್ದೆ ಆಗಿತ್ತು. ಮನೆ ಪಾಲಾಗುವಾಗ ಮದುವೆಯಾಗದ ಹೆಣ್ಣುಮಕ್ಕಳಿಗೂ ಒಂದು ಭಾಗ ಅಂತ ಅದು ಹೇಳಿತ್ತು. ‘ಆ ಕಾಲದಲ್ಲಿ ಹೆಣ್ಣುಮಕ್ಕಳಿಗೆ ಎಲ್ಲಿ ಆಸ್ತಿ?’ ಅನ್ನುವವರು ಯಾವ ಕಾಲದ ಮಾತಾಡುತ್ತಿದ್ದಾರೋ ಗೊತ್ತಿಲ್ಲ.

ಅಮೆರಿಕಕ್ಕೆ ಹೋಗಿ ಓದಿಬಂದ ಜಾಣನಿಗೆ ಅರ್ಧ ಅಂದರೆ ಎಷ್ಟು ಅಂತ ಗೊತ್ತಿಲ್ಲ! ದೊಡ್ಡ ಎಸ್ಟೇಟಿನ ಅರ್ಧ ಅಂದರೆ ಅವನ ಏಳು ತಲೆಮಾರು ನೋಡದ ದುಡ್ಡು. ಆದರೂ ತಮ್ಮ ಹುಟ್ಟಿದ ಕೂಡಲೇ ಇಂದಿರಾ ಅವನ ಕಣ್ಣಿಗೆ ಬರಿಗೈಯವಳಾದಳು. ಅವನು ಮೂರ್ಖನಾಗಿದ್ದರಿಂದ ಹಾಗಾಯಿತಾ? ಇಲ್ಲ. ಅವನು ಲೋಕ ಬಲ್ಲವನು. ಕಾಯ್ದೆ ಏನೇ ಅನ್ನಲಿ, ಗಂಡು ಹುಟ್ಟಿದ ಮನೆಯಲ್ಲಿ ಹೆಣ್ಣು ತನ್ನ ಪಾಲು ಕೇಳಲ್ಲ ಅನ್ನುವುದು ಅವನಿಗೆ ಗೊತ್ತಿತ್ತು. ಅವಳ ಅಪ್ಪನಿಗೂ ಗೊತ್ತಿತ್ತು. ಥಿಯೇಟರಿನಲ್ಲಿ ಕೂತ ನಮ್ಮ ಅಜ್ಜ ಅಜ್ಜಿಗೂ ಗೊತ್ತಿತ್ತು. ಮೋಹನ್ ಮಾತು ಮುರಿದಾಗ ಸಭಾಂಗಣದಲ್ಲಿ ಕೂತವರು ಛೀ ಅಂದಿರಬಹುದು. ಆದರೆ ‘ಯಾಕೆ, ಅವಳ ಪಾಲು ಎಲ್ಲಿಗೆ ಹೋಯಿತು?’ ಅಂತ ಒಬ್ಬರಾದರೂ ಕೇಳಿದ್ದರೆ ಕತೆ ಅಲ್ಲೇ ಕುಸಿದುಬೀಳುತ್ತಿತ್ತು. ಕುಸಿಯಲಿಲ್ಲ. ಸಿನಿಮಾ ಗೆದ್ದಿತು. ಅದರ ಗಣಿತಕ್ಕೆ ಇಡೀ ನಾಡು ಸಹಿ ಹಾಕಿತ್ತು.

ಹಾಗಂತ ನಾನು ತ್ರಿವೇಣಿಯವರ ಮೇಲೆ ಹರಿಹಾಯುತ್ತಿಲ್ಲ. ಅವರು ನಮ್ಮ ಮುಖ ಇದ್ದ ಹಾಗೆ ತೋರಿಸಿದರು. 1963ರಲ್ಲಿ, 35 ತುಂಬುವ ಮೊದಲೇ, ಬಾಣಂತಿಯಾಗಿದ್ದಾಗ ತೀರಿಕೊಂಡ ಆ ಹೆಣ್ಣುಮಗಳು ತನ್ನ ಕತೆಯನ್ನು ತೆರೆಯ ಮೇಲೆ ನೋಡಲೇ ಇಲ್ಲ. ನೋಡಿದ್ದರೆ, ಜನ ಮೋಹನನಿಗೆ ಅಯ್ಯೋ ಅನ್ನುವುದನ್ನು ಕೇಳಿದ್ದರೆ, ಏನೆನ್ನುತ್ತಿದ್ದರೋ.

ಅಪ್ಪನ ವಿಚಾರಕ್ಕೂ ಬರೋಣ. ಅಶ್ವತ್ಥ್ ಮುಖ ನೋಡಿದರೆ ಯಾರಿಗೆ ತಾನೇ ಬೈಯಲು ಮನಸ್ಸು ಬರುತ್ತೆ? ಕನ್ನಡ ಸಿನಿಮಾದ ಅಪ್ಪ ಅಂದರೆ ಅಶ್ವತ್ಥ್, ಅಶ್ವತ್ಥ್ ಅಂದರೆ ಅಪ್ಪ. ಅದಕ್ಕೇ ಸದಾಶಿವರಾಯರನ್ನು ಯಾರೂ ಕೇಳುವುದಿಲ್ಲ. ಅಲ್ಲಾ ರಾಯರೇ, ನಿಮ್ಮ ಹತ್ತಿರ ಅಷ್ಟು ದುಡ್ಡಿತ್ತಲ್ಲ, ಅಮೆರಿಕಕ್ಕೆ ಮಗಳನ್ನೇ ಕಳಿಸಬಹುದಿತ್ತಲ್ಲ? ಆ ಯೋಚನೆ ನಿಮಗೆ ಹೋಗಲಿ, ನೋಡುವ ನಮಗೂ ಬರಲ್ಲ. ಮಗಳಿಗೆ ಭವಿಷ್ಯ ಕೊಡುವುದು ಅಂದರೆ ಭವಿಷ್ಯವಿರುವ ಗಂಡನ್ನು ತಂದುಕೊಡುವುದು. ತೋಟದ ಲೆಕ್ಕ ನೋಡಿಕೊಳ್ಳೋಕೆ ಅಳಿಯ ಬೇಕು, ಮಗ ಹುಟ್ಟಿದರೆ ಮಗ ಸಾಕು. ಮಗಳು ಆ ಇಬ್ಬರ ನಡುವಿನ ತಾತ್ಕಾಲಿಕ ವ್ಯವಸ್ಥೆ.

ಇನ್ನು ‘ಅವನು ಬದಲಾದನಲ್ಲ, ಕ್ಷಮಿಸಬಹುದಿತ್ತಲ್ಲ’ ಅನ್ನುವ ವಾದ. ಅತ್ತೆಯ ವಾದವೂ ಇದೇ. ಬದಲಾದದ್ದು ಯಾವಾಗ? ಮೈಮುರಿದು ಮಲಗಿದಾಗ, ಒಬ್ಬಳು ಹೊತ್ತು ಹೊತ್ತಿಗೆ ಗಂಜಿ, ಔಷಧಿ ಕೊಟ್ಟಾಗ. ಎದ್ದು ಓಡಾಡುವ ಕಾಲದಲ್ಲಿ ಬಾರದ ಬುದ್ಧಿ ಹಾಸಿಗೆಯಲ್ಲಿ ಬಂತು. ಅದನ್ನು ಪ್ರೀತಿ ಅನ್ನುತ್ತೀರಾ? ನಾನು ಕೃತಜ್ಞತೆ ಅನ್ನುತ್ತೇನೆ, ಅದೂ ಮನಸ್ಸು ದೊಡ್ಡದು ಮಾಡಿಕೊಂಡು. ಇಂದಿರಾಗೆ ಆ ವ್ಯತ್ಯಾಸ ಗೊತ್ತಿತ್ತು. ಶುಶ್ರೂಷೆ ಮಾಡಿದಳು, ಮನುಷ್ಯತ್ವ. ಮದುವೆ ಬೇಡ ಅಂದಳು, ಅದೂ ಮನುಷ್ಯತ್ವವೇ, ತನ್ನ ಬಗ್ಗೆ ತಾನು ತೋರಿಸಿಕೊಂಡದ್ದು.

ನಾವು ಅವಳನ್ನು ಹಟಮಾರಿ ಅನ್ನುವುದಕ್ಕೆ ಕಾರಣ ಬೇರೆಯೇ ಇದೆ ಅಂತ ನನ್ನ ಗುಮಾನಿ. ಪುಟ್ಟಣ್ಣ ಕಲ್ಪನಾ ಜೋಡಿಯ ಬೇರೆ ಸಿನಿಮಾಗಳನ್ನು ನೆನಪು ಮಾಡಿಕೊಳ್ಳಿ. ‘ಗೆಜ್ಜೆಪೂಜೆ’ಯ ಚಂದ್ರಾ ಕೊನೆಗೆ ಸಾಯುತ್ತಾಳೆ. ‘ಶರಪಂಜರ’ದ ಕಾವೇರಿ ಮತ್ತೆ ಹುಚ್ಚಾಸ್ಪತ್ರೆಗೇ ಹೋಗುತ್ತಾಳೆ, ಅದೂ ತ್ರಿವೇಣಿಯವರದೇ ಕತೆ. ಅವರಿಬ್ಬರನ್ನೂ ನಾವು ಎದೆಗೆ ಅವಚಿಕೊಂಡೆವು, ಕೊಡಗಟ್ಟಲೆ ಅತ್ತೆವು. ಹೆಣ್ಣು ನಾಶವಾದರೆ ನಮ್ಮ ಕಣ್ಣೀರಿಗೆ ಬರವಿಲ್ಲ. ಇಂದಿರಾ ಸಾಯಲಿಲ್ಲ, ಅವಳಿಗೆ ಹುಚ್ಚು ಹಿಡಿಯಲಿಲ್ಲ. ಬೇಡ ಅಂದು, ನೆಟ್ಟಗೆ ನಿಂತಳು. ಅದೇ ಅವಳ ಅಪರಾಧ. ಅವಳು ಬಿದ್ದಿದ್ದರೆ ಮೋಹನನಿಗೆ ನಾವೇ ಶಾಪ ಹಾಕುತ್ತಿದ್ದೆವು. ಅವಳು ನಿಂತದ್ದರಿಂದ, ನಮ್ಮ ಅನುಕಂಪ ಹೋಗಲು ಜಾಗವಿಲ್ಲದೆ ಅವನ ಮೇಲೆ ಹೋಗಿ ಕೂತಿದೆ.

ಕ್ಷಮೆ ಅಂತ ನಾವು ಹೆಣ್ಣುಮಕ್ಕಳಿಂದ ಬಯಸುವುದು ಸಾಮಾನ್ಯವಾಗಿ ಇದನ್ನೇ: ಆದದ್ದಾಯ್ತು, ಬಿಟ್ಟುಕೊಡು. ಅದಕ್ಕೆ ನಮ್ಮ ಸರ್ಕಾರಿ ಕನ್ನಡದಲ್ಲಿ ಸೊಗಸಾದ ಹೆಸರೂ ಇದೆ. ಹಕ್ಕು ಖುಲಾಸೆ ಪತ್ರ.

ಈಗ ಅಣ್ಣ ಕೇಳಿದ ಆಧಾರ್ ಕಾರ್ಡಿನ ವಿಷಯ.

ನಮ್ಮದು ತರೀಕೆರೆ ಕಡೆ ಅಡಿಕೆ, ತೆಂಗು. ಅಪ್ಪ ಹೋಗಿ ವರ್ಷವಾಯಿತು, ವಿಲ್ ಬರೆದಿರಲಿಲ್ಲ. ಅಮ್ಮ, ಅಣ್ಣ, ನಾನು, ಮೂರು ಸಮಪಾಲು. ಅಣ್ಣ ಹೇಳಿದ್ದು, ‘ಖಾತೆ ಬದಲಾವಣೆಗೆ ನಿನ್ನದೊಂದು ಸಹಿ ಬೇಕು.’ ನಾನು ಪೆದ್ದಿಯ ಹಾಗೆ ಹೂಂ ಅಂದಿದ್ದೆ. ತಿಥಿಯ ಸಂಜೆ ಅವನು ತಂದಿಟ್ಟ ಕಾಗದ ಓದಿದೆ. ಕೋಡಿಂಗ್ ರಿವ್ಯೂ ಮಾಡುವ ಚಟ, ಸಾಲು ಸಾಲೂ ಓದಿದೆ. ಪೌತಿ ಖಾತೆ ಮಾಡಿಸಲು ಹಕ್ಕು ಬಿಡಬೇಕಾಗಿಲ್ಲ, ವಾರಸುದಾರರೆಲ್ಲರ ಹೆಸರಿಗೂ ಖಾತೆ ಆಗುತ್ತದೆ. ಅದು ಖಾತೆಯ ಕಾಗದವಾಗಿರಲಿಲ್ಲ. ‘ಅರಿಶಿನ ಕುಂಕುಮಕ್ಕಾಗಿ’ ಇಷ್ಟು ಪಡೆದು, ‘ಸ್ವ ಇಚ್ಛೆಯಿಂದ, ಯಾರ ಒತ್ತಾಯವೂ ಇಲ್ಲದೆ’ ನನ್ನ ಪಾಲಿನ ಹಕ್ಕನ್ನು ಅಣ್ಣನಿಗೆ ಬಿಟ್ಟುಕೊಟ್ಟಿದ್ದೇನೆ ಅಂತ ಇತ್ತು.

ಅಣ್ಣ ಕೆಟ್ಟವನಲ್ಲ. ನಿಜವಾಗಲೂ ಅಲ್ಲ. ಅವನಿಗೆ ಇದರಲ್ಲಿ ಮೋಸ ಇದೆ ಅನ್ನೋದೇ ಹೊಳೆದಿರಲಿಲ್ಲ. ‘ನಿನಗ್ಯಾಕೆ ಅಡಿಕೆ ತೋಟ? ವೈಟ್‌ಫೀಲ್ಡಲ್ಲಿ ಫ್ಲಾಟ್ ಇದೆ, ಸಂಬಳ ಇದೆ’ ಅಂದ. ಅಮ್ಮ, ‘ಸಹಿ ಹಾಕಿಬಿಡು. ತವರುಮನೆ ಬಾಗಿಲು ತೆರೆದಿರಲಿ’ ಅಂದಳು. ತವರಿನ ಬಾಗಿಲಿಗೆ ಹೆಬ್ಬೆಟ್ಟಿನ ಬೀಗದ ಕೈ! ಇದು ಓದುವ ನಿಮಗೂ ಈ ಮಾತು ಬಂದಿರಬಹುದು, ಬರಬಹುದು. ಗಂಡುಮಕ್ಕಳಾಗಿದ್ದರೆ ನೀವೇ ಈ ಮಾತು ಆಡಿರಲೂಬಹುದು, ತಂಗಿಯ ಮೇಲೆ ಪ್ರೀತಿ ಇಟ್ಟುಕೊಂಡೇ. 1994ರಲ್ಲಿ ಕರ್ನಾಟಕ ಹೆಣ್ಣುಮಕ್ಕಳಿಗೂ ಪಿತ್ರಾರ್ಜಿತದಲ್ಲಿ ಹುಟ್ಟಿನ ಹಕ್ಕು ಕೊಟ್ಟಿತು, ಅಷ್ಟರೊಳಗೆ ಮದುವೆಯಾದವರನ್ನು ಹೊರಗಿಟ್ಟು. 2005ರಲ್ಲಿ ಕೇಂದ್ರ ಆ ಷರತ್ತನ್ನೂ ತೆಗೆಯಿತು. 2020ರಲ್ಲಿ ಸುಪ್ರೀಂ ಕೋರ್ಟು, 2005ರಲ್ಲಿ ಅಪ್ಪ ಬದುಕಿರಬೇಕಾಗಿಯೂ ಇಲ್ಲ ಅಂತ ಗೊಂದಲ ಬಗೆಹರಿಸಿತು. ಕಾಯ್ದೆ ಒಂದೊಂದೇ ಬಾಗಿಲು ತೆಗೆಯುತ್ತಾ ಬಂದ ಹಾಗೆ, ನಾವು ಒಂದೊಂದೇ ಹಕ್ಕು ಖುಲಾಸೆ ಪತ್ರ ಬರೆಸುತ್ತಾ ಬಂದೆವು. ಮೋಹನನ ಗಣಿತಕ್ಕೆ ಏನೂ ಆಗಿಲ್ಲ. ಗಂಡಿದ್ದರೆ ಹೆಣ್ಣಿಗೆ ಸೊನ್ನೆ. ಸೊನ್ನೆಗೆ ಸ್ಟ್ಯಾಂಪ್ ಪೇಪರ್ ಒಂದು ಸೇರಿಕೊಂಡಿದೆ.

ಇಷ್ಟು ಹೇಳಿ ನಾನು ಇಂದಿರಾ ಹಾಗೆ ಎದ್ದು ಬಂದೆ ಅಂತ ಬರೆದು ಮುಗಿಸಿದ್ದರೆ ಚೆನ್ನಾಗಿರುತ್ತಿತ್ತು. ಮೊದಲು ಹಾಗೇ ಬರೆದಿದ್ದೆ ಕೂಡ. ಆದರೆ ಆ ರಾತ್ರಿ ಕಾಗದಪತ್ರಗಳ ಕಟ್ಟು ಬಿಚ್ಚಿ ನೋಡುವಾಗ, ಪಹಣಿ, ವಂಶವೃಕ್ಷ, ಕಂದಾಯದ ರಸೀತಿಗಳ ನಡುವೆ, ಇನ್ನೊಂದು ಹಕ್ಕು ಖುಲಾಸೆ ಪತ್ರ ಸಿಕ್ಕಿತು. ಹಳೆಯದು, ಮಡಿಕೆಯಲ್ಲಿ ಹರಿಯುವ ಹಾಗಿತ್ತು. ಕೆಳಗೆ ದುಂಡಗಿನ ಅಕ್ಷರದಲ್ಲಿ ಅತ್ತೆಯ ಸಹಿ. ಅಪ್ಪನ ಹೆಸರಿಗೆ.

ಈ ತೋಟ ಅಜ್ಜ ಸ್ವಂತ ದುಡಿಮೆಯಲ್ಲಿ ಕೊಂಡದ್ದು. ಅಜ್ಜಿ ಅಜ್ಜನಿಗಿಂತ ಮೊದಲೇ ಹೋಗಿದ್ದರು. ಅಜ್ಜನಿಗೆ ಇದ್ದದ್ದು ಇಬ್ಬರೇ ಮಕ್ಕಳು, ಅಪ್ಪ ಮತ್ತು ಅತ್ತೆ. ಅಂದರೆ ಕಾಯ್ದೆ ಪ್ರಕಾರ ಸರಿಯಾಗಿ ಅರ್ಧರ್ಧ. ಆ ಅರ್ಧಕ್ಕೆ ಅತ್ತೆಗೆ ಸಿಕ್ಕಿದ್ದು ಒಂದು ರೇಷ್ಮೆ ಸೀರೆ, ಒಂದು ಬೆಳ್ಳಿಯ ಕುಂಕುಮದ ಬಟ್ಟಲು. ಇದು ನಮ್ಮ ಮನೆಯಲ್ಲಿ ಅಪ್ಪನ ಔದಾರ್ಯದ ಕತೆಯಾಗಿ ಚಾಲ್ತಿಯಲ್ಲಿತ್ತು. ‘ನಿಮ್ಮಪ್ಪ ತಂಗಿಗೆ ಬರಿಗೈಲಿ ಕಳಿಸಲಿಲ್ಲ’ ಅಂತ. ಅತ್ತೆಯ ಗಂಡ ಹೋಟೆಲಿನಲ್ಲಿ ಗಲ್ಲಾ ಮೇಲೆ ಕೂರುತ್ತಿದ್ದರು. ಅತ್ತೆಯ ಮಗಳು ನನಗಿಂತ ಎರಡು ವರ್ಷ ದೊಡ್ಡವಳು, ಓದಿನಲ್ಲಿ ನನಗಿಂತ ಚುರುಕು. ಪಿಯುಸಿಗೆ ನಿಲ್ಲಿಸಿದಳು. ನನಗೆ ಅಪ್ಪ ಎಂಜಿನಿಯರಿಂಗ್ ಫೀಸು ಕಟ್ಟಿದ್ದು ಅಡಿಕೆ ಮಾರಿದ ದುಡ್ಡಿನಲ್ಲಿ. ಕೆರೆ ಕಡೆಯ ತೋಟದ ಅಡಿಕೆ, ಅದೇ ಚೆನ್ನಾಗಿ ಫಸಲು ಕೊಡುತ್ತಿದ್ದದ್ದು.

ಇನ್ನೊಬ್ಬಳ ಪಾಲಿನ ದುಡ್ಡಿನಲ್ಲಿ ಓದಿ, ಮೇಲೆ ಬಂದು, ಆಮೇಲೆ ಅವಳ ಕಡೆ ತಿರುಗಿಯೂ ನೋಡದವನಿಗೆ ನಾನು ಇಡೀ ಎರಡು ಪುಟ ಬೈದಿದ್ದೇನೆ. ಒಂದು ಶಬ್ದವನ್ನೂ ವಾಪಸ್ ತಗೊಳ್ಳುವುದಿಲ್ಲ.

ಕಾಗದಕ್ಕೆ ಸಹಿ ಹಾಕಲಿಲ್ಲ. ನನ್ನ ಪಾಲು ನನ್ನ ಹೆಸರಿಗೆ ಬಂದ ಮೇಲೆ ಅದನ್ನು ಅತ್ತೆಗೆ ಬರೆದುಕೊಡುತ್ತೇನೆ ಅಂತ ಅಣ್ಣನಿಗೆ ಹೇಳಿದೆ. ‘ನಿನಗೆ ಸಿನಿಮಾ ತಲೆಗೇರಿದೆ’ ಅಂದ. ಅಮ್ಮ ಮೂರು ವಾರ ಮಾತು ಬಿಟ್ಟಳು, ಈಗ ವಾಟ್ಸಾಪಿನಲ್ಲಿ ಶುಭೋದಯ ಕಳಿಸುವಷ್ಟಕ್ಕೆ ಬಂದಿದ್ದಾಳೆ. ಅತ್ತಿಗೆ ಮಾತ್ರ ಒಂದು ದಿನ ಮೆಲ್ಲಗೆ ಫೋನ್ ಮಾಡಿ, ತನ್ನ ತವರಲ್ಲೂ ಮೂರು ವರ್ಷದ ಹಿಂದೆ ಇಂಥದ್ದೇ ಒಂದು ಕಾಗದಕ್ಕೆ ಸಹಿ ಹಾಕಿಬಂದಿದ್ದಾಗಿ ಹೇಳಿ, ಅದನ್ನು ರದ್ದು ಮಾಡಿಸಬಹುದಾ ಅಂತ ಕೇಳಿದಳು. ನನಗೆ ಗೊತ್ತಿರುವ ವಕೀಲರ ನಂಬರ್ ಕೊಟ್ಟೆ.

ಅತ್ತೆಗೆ ಫೋನ್ ಮಾಡಲು ಒಂದು ವಾರ ಧೈರ್ಯ ಬರಲಿಲ್ಲ. ಕೊನೆಗೆ ಮಾಡಿದೆ. ಏನಂತ ಶುರು ಮಾಡೋದು? ‘ಅತ್ತೆ, ಅವತ್ತು ನೀವು ಮೋಹನ್‌ಗೆ ಪಾಪ ಅಂದ್ರಲ್ಲ...’ ಅಂದೆ.

‘ಅದಕ್ಕೆ ಇನ್ನೂ ಸಿಟ್ಟಾ ನಿಂಗೆ?’ ನಕ್ಕರು. ‘ಬೇರೆ ಏನು ಅನ್ನಲಿ ಹೇಳು. ಪಾಪ ಅಂದುಬಿಟ್ರೆ ಮುಗೀತು. ಇಲ್ಲಾಂದ್ರೆ ರಾತ್ರಿ ನಿದ್ದೆ ಬರಲ್ಲ.’

ತೋಟದ ವಿಷಯ ಹೇಳಿದೆ. ಅರ್ಧಕ್ಕೇ ತಡೆದರು. ಬೇಡ, ಊರಲ್ಲಿ ನಿಮ್ಮಪ್ಪನ ಹೆಸರು ಕೆಡುತ್ತೆ, ಈಗ ತಗೊಂಡು ಏನು ಮಾಡಲಿ, ಮಂಡಿ ನೋವಿಗೆ ತೋಟ ಹತ್ತೋಕಾಗುತ್ತಾ ಅಂತೆಲ್ಲ ಅಂದರು. ನಾನು ವಾದ ಮಾಡಲು ಹೋಗಲಿಲ್ಲ. ಸುಮ್ಮನೆ ಮಾತಿಗೆ ಅಂತ ಕೇಳಿದೆ, ‘ಅತ್ತೆ, ಅಜ್ಜನ ಕಾಲದಲ್ಲಿ ಒಟ್ಟು ಎಷ್ಟಿತ್ತು?’

‘7 ಎಕರೆ 12 ಗುಂಟೆ’ ಅಂದರು. ಒಂದು ಕ್ಷಣವೂ ತಡವಾಗಲಿಲ್ಲ. ‘ನನ್ನದು 3 ಎಕರೆ 26 ಗುಂಟೆ. ಕೆರೆ ಕಡೆಯದ್ದು.’